‘ಸಸ್ಪಿಶಿಯಸ್’ ಬದಲು ‘ಫಿಶಿ’ ಎಂದು ಬರೆದರೆ ಮಾತು ಮೃದುವಾಗುತ್ತದೆಯೇ?

ಇಲ್ಲ, ಆಗುವುದಿಲ್ಲ. ಸರಕು ಒದಗಿಸುವವರೊಬ್ಬರ ಬಿಲ್ಲಿನ ಬಗ್ಗೆ ನಿಮಗೆ ಸಂಶಯ ಬಂದಿದೆ, ‘ಸಸ್ಪಿಶಿಯಸ್’ ಎಂಬ ಪದ ಕಟುವಾಗಿ ಕಾಣುತ್ತದೆ, ‘ಫಿಶಿ’ ಆಡುಮಾತಿನ ಪದವಾದ್ದರಿಂದ ಅವರಿಗೆ ಅಷ್ಟು ನೋವಾಗಲಾರದು ಎಂದು ಭಾವಿಸಿ ‘ಐ ಆಮ್ ಫಿಶಿ ಅಬೌಟ್ ದಿಸ್ ಬಿಲ್’ ಎಂಬ ಕರಡು ವಾಕ್ಯವನ್ನು ಬರೆದಿಟ್ಟುಕೊಂಡಿದ್ದೀರಿ. ನಾನೂ ಒಮ್ಮೆ ಇದೇ ತರ್ಕವನ್ನು ನಂಬಿ ಈ ಪದವನ್ನು ಪತ್ರದಲ್ಲಿ ಬರೆದೆ. ನಿಮ್ಮ ಪತ್ರ ಇನ್ನೂ ಹೋಗಿಲ್ಲ ಎಂಬ ಕಾರಣಕ್ಕಾಗಿಯೇ ಇಷ್ಟು ವಿವರವಾಗಿ ಉತ್ತರಿಸುತ್ತಿದ್ದೇನೆ.

ಆಗ ನಾನು ಲೆಕ್ಕಪತ್ರ ವಿಭಾಗದಲ್ಲಿದ್ದೆ. ಹೊರದೇಶದ ಪಾಲುದಾರ ಸಂಸ್ಥೆಯೊಂದು ಪ್ರತಿ ತಿಂಗಳು ಕಳುಹಿಸುತ್ತಿದ್ದ ಖರ್ಚಿನ ಪಟ್ಟಿಗಳನ್ನು ನಮ್ಮ ಪುಸ್ತಕಗಳೊಂದಿಗೆ ತಾಳೆ ನೋಡುವುದು ನನ್ನ ಕೆಲಸವಾಗಿತ್ತು. ಆ ಕಡೆ ಪಟ್ಟಿ ಸಿದ್ಧಪಡಿಸುತ್ತಿದ್ದವರು ಇಂಗ್ಲಿಷನ್ನೇ ಮನೆಮಾತಾಗಿ ಆಡುವ ಹಿರಿಯ ಮಹಿಳೆ. ನಾನು ಕೇಳಿದ ಎಷ್ಟೋ ಪ್ರಾಥಮಿಕ ಪ್ರಶ್ನೆಗಳಿಗೂ ಅವರು ಸಹನೆಯಿಂದ ಉತ್ತರ ಕೊಟ್ಟಿದ್ದರು. ಒಂದು ತಿಂಗಳು ಎರಡು ಪಟ್ಟಿಗಳ ಒಟ್ಟು ಮೊತ್ತಗಳು ಪರಸ್ಪರ ಹೊಂದಲಿಲ್ಲ. ಅವರು ವಂಚಿಸುತ್ತಿದ್ದಾರೆಂಬ ಯೋಚನೆ ನನ್ನ ಮನಸ್ಸಿನಲ್ಲಿ ಸುಳಿಯಲೇ ಇಲ್ಲ. ಏನೋ ವಿಚಿತ್ರವಾಗಿದೆ, ಎಲ್ಲೋ ತಪ್ಪಿದೆ ಎಂದಷ್ಟೇ ತಿಳಿಸಬೇಕಿತ್ತು. ‘ಫಿಶಿ’ ಎಂಬ ಪದವನ್ನು ಸಹೋದ್ಯೋಗಿಗಳ ಹರಟೆಯಲ್ಲಿ ಬೇಕಾದಷ್ಟು ಕೇಳಿದ್ದೆ, ಅದನ್ನಾಡುವಾಗ ಎಲ್ಲರೂ ನಗುತ್ತಿದ್ದುದನ್ನೂ ಕಂಡಿದ್ದೆ. ಹಾಗಾಗಿ ಅದು ಹಗುರವಾದ ಪದವೆಂದು ತೀರ್ಮಾನಿಸಿ, ‘ಯುವರ್ ಫಿಗರ್ಸ್ ಲುಕ್ ಫಿಶಿ, ಪ್ಲೀಸ್ ಚೆಕ್’ ಎಂದು ಬರೆದು, ವಾಡಿಕೆಯಂತೆ ಎರಡೂ ಕಡೆಯ ಮೇಲಧಿಕಾರಿಗಳಿಗೂ ಪ್ರತಿ ಹಾಕಿ ಕಳುಹಿಸಿಬಿಟ್ಟೆ.

ಉತ್ತರ ಅವರಿಂದ ಬರಲಿಲ್ಲ, ಅವರ ಮೇಲಧಿಕಾರಿಯಿಂದ ಬಂತು: ನಿಮ್ಮ ಆರೋಪಕ್ಕೆ ಆಧಾರವೇನು ಎಂಬ ಒಂದೇ ಪ್ರಶ್ನೆ. ಒಂದು ಪಟ್ಟಿಯನ್ನು ಬಿಲ್ಲಿನ ದಿನಾಂಕದ ಮೇಲೆ, ಇನ್ನೊಂದನ್ನು ಹಣ ಪಾವತಿಯಾದ ದಿನಾಂಕದ ಮೇಲೆ ತಯಾರಿಸಿದ್ದರಿಂದ ತಿಂಗಳ ಕೊನೆಯ ಕೆಲವು ಬಿಲ್ಲುಗಳು ಒಂದರಲ್ಲಿದ್ದು ಇನ್ನೊಂದರಲ್ಲಿ ಇರಲಿಲ್ಲ, ಅಷ್ಟೇ. ನಾನು ಕ್ಷಮೆ ಕೇಳಿದೆ, ಅವರು ಸೌಜನ್ಯದಿಂದ ಒಪ್ಪಿಕೊಂಡರು. ಆದರೆ ಆ ಮಹಿಳೆ ಮತ್ತೆಂದೂ ನನಗೆ ನೇರವಾಗಿ ಬರೆಯಲಿಲ್ಲ. ಪ್ರತಿಯೊಂದು ವಿವರಣೆಯೂ ಮೇಲಧಿಕಾರಿಗಳ ಮೂಲಕವೇ ಬರತೊಡಗಿತು, ಕೆಲಸ ನಿಧಾನವಾಯಿತು, ಕೆಲವು ತಿಂಗಳ ಬಳಿಕ ಆ ಹೊಣೆಯನ್ನು ನನ್ನಿಂದ ತೆಗೆದು ಬೇರೆಯವರಿಗೆ ವಹಿಸಿದರು. ‘ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡರಂತೆ, ತಪ್ಪಿಲ್ಲದಿದ್ದರೆ ಅವರಿಗೇಕೆ ಅಷ್ಟು ಸಿಟ್ಟು’ ಎಂದು ಗೆಳೆಯರೊಬ್ಬರು ನನ್ನನ್ನು ಸಮಾಧಾನಪಡಿಸಲು ಬಂದರು. ಆ ಸಮಾಧಾನವನ್ನು ನಾನು ಆಗಲೂ ಒಪ್ಪಲಿಲ್ಲ, ಈಗಲೂ ಒಪ್ಪುವುದಿಲ್ಲ. ಕದಿಯದವರನ್ನು ಕಳ್ಳರೆಂದಾಗ ಅವರಿಗೆ ಸಿಟ್ಟು ಬರುವುದು ನ್ಯಾಯವೇ ಆಗಿದೆ, ಮತ್ತು ನಾನು ಅವರನ್ನು ಹಾಗೆಂದೇ ಕರೆದಿದ್ದೆ.

ಹೇಗೆ ಕರೆದೆ ಎಂಬುದನ್ನು ಬಿಡಿಸಿ ಹೇಳಬೇಕು, ಏಕೆಂದರೆ ನಿಮ್ಮ ಪ್ರಶ್ನೆಯ ಗಂಟು ಇರುವುದು ಇಲ್ಲಿಯೇ. ‘ಫಿಶಿ’ ಎಂದರೆ ವಿಚಿತ್ರ ಎಂದಲ್ಲ, ತಪ್ಪಾಗಿದೆ ಎಂದೂ ಅಲ್ಲ. ಇದರ ಹಿಂದೆ ಯಾರೋ ಏನನ್ನೋ ಮುಚ್ಚಿಡುತ್ತಿದ್ದಾರೆ, ನನ್ನ ಬಳಿ ಪುರಾವೆ ಇಲ್ಲ, ಆದರೂ ನನಗೆ ಹಾಗೆ ತೋರುತ್ತಿದೆ ಎಂಬಷ್ಟೂ ಅರ್ಥ ಆ ಒಂದು ಪದದಲ್ಲಿ ಅಡಗಿದೆ. ಕೂಡಿಕೆಯ ತಪ್ಪನ್ನು ಇಂಗ್ಲಿಷ್ ಬಲ್ಲವರು ‘ಫಿಶಿ’ ಎನ್ನುವುದಿಲ್ಲ. ಆ ತಪ್ಪು ಪ್ರತಿ ಸಲವೂ ಒಬ್ಬರಿಗೇ ಲಾಭ ತರುವಂತಿದ್ದರೆ ಆಗ ಎನ್ನುತ್ತಾರೆ. ಹಾಗಾಗಿ ಈ ಪದ ವಸ್ತುವಿನ ಮೇಲೆ ಕುಳಿತಂತೆ ಕಂಡರೂ ಬೆರಳು ತೋರಿಸುವುದು ಅದರ ಹಿಂದಿರುವ ಮನುಷ್ಯನ ಕಡೆಗೆ. ನನ್ನ ವಾಕ್ಯದಲ್ಲಿ ‘ಯುವರ್’ ಎಂಬ ಪದ ಬೇರೆ ಇತ್ತು. ಇಂಗ್ಲಿಷಿನವರು ಸಾಮಾನ್ಯವಾಗಿ ‘ದೇರ್ ಈಸ್ ಸಮ್‌ಥಿಂಗ್ ಫಿಶಿ ಹಿಯರ್’ ಎನ್ನುತ್ತಾರೆ. ಅಲ್ಲಿನ ‘ಸಮ್‌ಥಿಂಗ್’ ಎಂಬುದು ಯಾರನ್ನೂ ಹೆಸರಿಸದೆ ಸಂಶಯಕ್ಕೆ ಒಂದಿಷ್ಟು ಜಾಗ ಬಿಡುತ್ತದೆ. ನಾನು ಆ ಜಾಗವನ್ನು ‘ನಿಮ್ಮ’ ಎಂಬ ಪದದಿಂದ ತುಂಬಿದೆ, ಅದನ್ನು ಆರೋಪಿಯ ಎದುರಿಗೇ ಹೇಳಿದೆ, ಅವರ ಮೇಲಧಿಕಾರಿಗಳನ್ನು ಸಾಕ್ಷಿಗೆ ಕರೆದೆ. ಈ ಮೂರರಲ್ಲಿ ಒಂದು ಇಲ್ಲದಿದ್ದರೂ ಪ್ರಾಯಶಃ ಮಾತು ಫೋನಿನಲ್ಲಿ ಮುಗಿಯುತ್ತಿತ್ತು.

ಆದ್ದರಿಂದ ಆಡುಮಾತಿನ ಪದವಾದ್ದರಿಂದ ಮೃದು ಎಂಬ ನಿಮ್ಮ ಮೂಲ ನಂಬಿಕೆಯನ್ನೇ ನಾನು ಒಪ್ಪುವುದಿಲ್ಲ. ಸಲುಗೆ ಬೇರೆ, ಮೃದುತ್ವ ಬೇರೆ. ಸಲುಗೆಯ ಪದ ಸ್ನೇಹಿತರ ನಡುವೆ ಹಗುರವಾಗಿ ಕೇಳಿಸುವುದು ಅವರ ನಡುವೆ ಮೊದಲೇ ವಿಶ್ವಾಸ ಇರುವುದರಿಂದ. ಅದೇ ಪದ ವ್ಯವಹಾರದ ಪತ್ರಕ್ಕೆ ಬಂದಾಗ ಆರೋಪದ ಜೊತೆಗೆ ಉಡಾಫೆಯೂ ಸೇರಿಕೊಳ್ಳುತ್ತದೆ. ‘ಸಸ್ಪಿಶಿಯಸ್’ ಎಂದು ಬರೆದವರು ಕನಿಷ್ಠ ಪಕ್ಷ ಯೋಚಿಸಿ ಬರೆದಿದ್ದಾರೆ ಎಂದು ಓದುಗರಿಗೆ ಅನಿಸುತ್ತದೆ. ‘ಫಿಶಿ’ ಎಂದು ಬರೆದವರು ಓದುಗರ ಹೆಸರನ್ನೇ ಹಗುರವಾಗಿ ತೆಗೆದುಕೊಂಡರು ಎನಿಸುತ್ತದೆ.

ಇನ್ನು ನಿಮ್ಮ ಕರಡು ವಾಕ್ಯದ ವ್ಯಾಕರಣ. ‘ಸಸ್ಪಿಶಿಯಸ್’ ಎಂಬ ಪದಕ್ಕೆ ಎರಡು ಮುಖಗಳಿವೆ: ಸಂಶಯಪಡುವವರಿಗೂ ಅದನ್ನು ಹೇಳಬಹುದು, ಸಂಶಯ ಹುಟ್ಟಿಸುವ ಸಂಗತಿಗೂ ಹೇಳಬಹುದು. ‘ಐ ಆಮ್ ಸಸ್ಪಿಶಿಯಸ್ ಆಫ್ ದಿಸ್ ಬಿಲ್’ ಸರಿ, ‘ದಿಸ್ ಬಿಲ್ ಈಸ್ ಸಸ್ಪಿಶಿಯಸ್’ ಎಂಬುದೂ ಸರಿ. ‘ಫಿಶಿ’ಗೆ ಎರಡನೆಯ ಮುಖ ಮಾತ್ರ ಇದೆ. ಸಂಶಯಪಡುವವರು ತಮ್ಮನ್ನು ‘ಫಿಶಿ’ ಎಂದುಕೊಳ್ಳುವಂತಿಲ್ಲ; ‘ಐ ಆಮ್ ಫಿಶಿ’ ಎಂದರೆ ನಂಬಲಾಗದವನು ನಾನೇ ಎಂದಾಗುತ್ತದೆ. ನಿಘಂಟಿನಲ್ಲಿ ಎರಡೂ ಪದಗಳಿಗೆ ‘ಅನುಮಾನಾಸ್ಪದ’ ಎಂಬ ಒಂದೇ ಅರ್ಥವನ್ನು ಓದಿ, ಒಂದರ ಜಾಗದಲ್ಲಿ ಇನ್ನೊಂದನ್ನು ಕೂರಿಸುವವರೆಲ್ಲ ಎಡವುವುದು ಇಲ್ಲಿ. ಉಳಿದಂತೆ ಇದರ ನಡವಳಿಕೆ ಸರಳ: ನಾಮಪದದ ಮುಂದೆ ನಿಂತು ‘ಎ ಫಿಶಿ ಸ್ಟೋರಿ’ ಎಂದಾಗುತ್ತದೆ, ‘ಲುಕ್ಸ್’, ‘ಸೌಂಡ್ಸ್’, ‘ಸ್ಮೆಲ್ಸ್’ ಎಂಬ ಕ್ರಿಯಾಪದಗಳ ನಂತರವೂ ಸಲೀಸಾಗಿ ಬರುತ್ತದೆ, ಹೋಲಿಕೆಯಲ್ಲಿ ‘ಫಿಶಿಯರ್’, ‘ಫಿಶಿಯೆಸ್ಟ್’ ಎಂಬ ರೂಪಗಳನ್ನು ಪಡೆಯುತ್ತದೆ.

ಮೀನಿಗೂ ಮೋಸಕ್ಕೂ ಏನು ಸಂಬಂಧ ಎಂದು ನೀವು ಕೇಳಿಲ್ಲ. ಆದರೂ ಹೇಳುತ್ತೇನೆ, ಏಕೆಂದರೆ ಅದು ತಿಳಿದ ಮೇಲೆಯೇ ಈ ಪದದ ತೂಕ ನನಗೆ ಅರ್ಥವಾದದ್ದು. ಹದಿನೈದನೆಯ ಶತಮಾನದ ಕೊನೆಯ ಭಾಗದಲ್ಲಿ ಈ ಪದಕ್ಕೆ ಮೀನಿನಂಥ ಎಂಬ ನೇರ ಅರ್ಥವಷ್ಟೇ ಇತ್ತು. ಸಂಶಯಾಸ್ಪದ ಎಂಬ ಅರ್ಥ ಬರಹದಲ್ಲಿ ಮೊದಲು ದಾಖಲಾದದ್ದು 1840ರಲ್ಲಿ. ಈ ಅರ್ಥ ಹೇಗೆ ಹುಟ್ಟಿತು ಎಂಬುದಕ್ಕೆ ಪದಮೂಲ ಹುಡುಕುವವರು ಎರಡು ಊಹೆಗಳನ್ನು ಮುಂದಿಡುತ್ತಾರೆ: ಕೈಗೆ ಸಿಗದೆ ಜಾರುವ ಮೀನಿನ ಗುಣ ಒಂದು, ಕೆಟ್ಟ ಮೀನಿನ ವಾಸನೆ ಇನ್ನೊಂದು. ನನ್ನ ಒಲವು ವಾಸನೆಯ ಕಡೆಗೆ. ಕಡಲ ಮೀನಿನ ಮೈಯಲ್ಲಿ ಟ್ರೈಮೀಥೈಲಮೈನ್ ಆಕ್ಸೈಡ್ ಎಂಬ ವಸ್ತು ಇರುತ್ತದೆ, ಅದಕ್ಕೆ ವಾಸನೆ ಇಲ್ಲ. ಮೀನು ಸತ್ತ ಮೇಲೆ ಬ್ಯಾಕ್ಟೀರಿಯಾಗಳು ಅದನ್ನು ಟ್ರೈಮೀಥೈಲಮೈನ್ ಆಗಿ ಬದಲಿಸುತ್ತವೆ, ಮೂಗಿಗೆ ಬಡಿಯುವ ಆ ವಾಸನೆ ಬಹುಮಟ್ಟಿಗೆ ಅದರದ್ದು. ಅಂದರೆ ತಾಜಾ ಮೀನು ಅಷ್ಟಾಗಿ ನಾರುವುದಿಲ್ಲ. ನಾರುತ್ತಿದ್ದರೆ ಅದು ಹಳತಾಗುತ್ತಿದೆ ಎಂದರ್ಥ, ಮಾರುವವರು ಏನೇ ಹೇಳಲಿ. ಬಾಯಿ ಹೇಳುವುದೊಂದು, ಮೂಗು ಹೇಳುವುದು ಇನ್ನೊಂದು ಎಂಬ ಈ ಅಂತರವೇ ‘ಫಿಶಿ’ ಪದದ ಜೀವಾಳವೆಂದು ನನಗನಿಸುತ್ತದೆ. ಕನ್ನಡದಲ್ಲಿ ನಾವೂ ‘ಅಕ್ರಮದ ವಾಸನೆ ಬಡಿಯುತ್ತಿದೆ’ ಎನ್ನುತ್ತೇವೆ, ಅದನ್ನು ಹೇಳುವಾಗ ಯಾರೂ ಲಘುವಾಗಿ ಹೇಳುವುದಿಲ್ಲ.

ಈ ನಂಟನ್ನು ಮನಶ್ಶಾಸ್ತ್ರಜ್ಞರಾದ ಸ್ಪೈಕ್ ಲೀ ಮತ್ತು ನಾರ್ಬರ್ಟ್ ಶ್ವಾರ್ಟ್ಸ್ ಪ್ರಯೋಗಕ್ಕೆ ಒಡ್ಡಿದ್ದಾರೆ. 2012ರಲ್ಲಿ ಪ್ರಕಟವಾದ ಅವರ ಅಧ್ಯಯನದಲ್ಲಿ, ಮೀನೆಣ್ಣೆಯ ವಾಸನೆ ಇದ್ದ ಕಡೆ ಹಣದ ಆಟ ಆಡಿದವರು ಜೊತೆಗಾರರನ್ನು ನಂಬಿ ಕೊಟ್ಟ ಹಣ ಕಡಿಮೆಯಾಗಿತ್ತು. ಬೇರೊಂದು ದುರ್ನಾತಕ್ಕೆ ಆ ಪರಿಣಾಮ ಇರಲಿಲ್ಲ. ಒಂದು ಅಧ್ಯಯನದ ಮೇಲೆ ದೊಡ್ಡ ಸಿದ್ಧಾಂತ ಕಟ್ಟುವುದು ನನ್ನ ಉದ್ದೇಶವಲ್ಲ. ಇಂಗ್ಲಿಷ್ ಆಡುವವರಲ್ಲಿ ಈ ಪದ ಬರೀ ಅಲಂಕಾರವಲ್ಲ, ನಂಬಿಕೆಯನ್ನೇ ಮುಟ್ಟುವಂಥದ್ದು ಎಂಬುದಕ್ಕೆ ಇದೊಂದು ಸೂಚನೆ.

ಹಾಗಾದರೆ ಎಲ್ಲಿ ಬಳಸಬೇಕು? ಆರೋಪಕ್ಕೆ ಗುರಿಯಾದವರು ಇಲ್ಲದ ಕಡೆ, ಮಾತಿನಲ್ಲಿ, ನಿಮ್ಮನ್ನು ಬಲ್ಲವರ ಜೊತೆ ಬಳಸಿ. ಬಹುಮಾನ ಬಂದಿದೆ ಎಂದು ಹೇಳಿ ಬ್ಯಾಂಕಿನ ವಿವರ ಕೇಳುವ ಅನಾಮಿಕ ಸಂದೇಶವನ್ನು ಗೆಳೆಯರಿಗೆ ತೋರಿಸಿ ‘ದಿಸ್ ಲುಕ್ಸ್ ಫಿಶಿ’ ಎನ್ನಿ. ಅದಕ್ಕಿಂತ ಸೂಕ್ತ ಪದ ಇಂಗ್ಲಿಷಿನಲ್ಲಿ ನನಗೆ ಕಂಡಿಲ್ಲ. ಅಂಥ ಸಂದೇಶದ ವಂಚನೆಗೆ ‘ಫಿಶಿಂಗ್’ ಎಂಬ ಹೆಸರಿರುವುದರಿಂದ ಇವೆರಡನ್ನು ಒಂದೇ ಎಂದು ತಿಳಿಯುವವರಿದ್ದಾರೆ, ಕನ್ನಡ ಲಿಪಿಯಲ್ಲಿ ಬರೆದಾಗ ವ್ಯತ್ಯಾಸ ಪೂರ್ತಿ ಮರೆಯಾಗುತ್ತದೆ. ಆ ವಂಚನೆಯ ಹೆಸರು ಗಾಳ ಹಾಕುವುದರಿಂದ ಬಂದದ್ದು, 1990ರ ದಶಕದ ಸೃಷ್ಟಿ. ಅದರ ಇಂಗ್ಲಿಷ್ ಕಾಗುಣಿತದ ಮೊದಲಲ್ಲಿ ‘ಎಫ್’ ಇರುವುದಿಲ್ಲ, ‘ಪಿ’ ಮತ್ತು ‘ಎಚ್’ ಇರುತ್ತವೆ. ‘ಫಿಶಿ’ ಎಂದು ಬರೆಯುವಾಗ ‘ಎಫ್’ ಅಕ್ಷರವನ್ನೇ ಬಳಸಬೇಕು. ಇನ್ನು ಕಣ್ಣುಗಳನ್ನು ‘ಫಿಶಿ’ ಎಂದರೆ ಭಾವವಿಲ್ಲದ, ಮಂಕಾದ ನೋಟ ಎಂದರ್ಥ; ರುಚಿ ಅಥವಾ ವಾಸನೆಯ ಬಗ್ಗೆ ಹೇಳಿದರೆ ಅದು ನೇರ ಅರ್ಥದಲ್ಲೇ ಇರುತ್ತದೆ.

ಬದಲಿ ಪದಗಳಲ್ಲಿಯೂ ಎಚ್ಚರ ಬೇಕು. ‘ಶೇಡಿ’ ಎಂಬುದು ಇನ್ನೂ ನೇರವಾಗಿ ವ್ಯಕ್ತಿಯ ಚಾರಿತ್ರ್ಯಕ್ಕೆ ತಗಲುತ್ತದೆ. ಬ್ರಿಟಿಷರ ‘ಡಾಜಿ’ ಎಂಬ ಪದಕ್ಕೆ ಅಪ್ರಾಮಾಣಿಕ ಎಂಬುದರ ಜೊತೆಗೆ ಕಳಪೆ, ಭರವಸೆಗೆ ತಕ್ಕದ್ದಲ್ಲ ಎಂಬ ಅರ್ಥವೂ ಇರುವುದರಿಂದ ಓದುಗರು ಯಾವುದನ್ನು ಹಿಡಿಯುತ್ತಾರೋ ಹೇಳಲಾಗದು. ‘ಸಸ್ಪಿಶಿಯಸ್’ ಪದವನ್ನು ಮೊಟಕುಗೊಳಿಸಿದ ಯುವಜನರ ‘ಸಸ್’ ಕಚೇರಿಯ ಪತ್ರಕ್ಕೆ ಸಲ್ಲುವುದೇ ಇಲ್ಲ. ‘ಡಿಸ್ಕ್ರೆಪೆನ್ಸಿ’ ಎಂಬ ನಾಮಪದವೊಂದನ್ನು ನಾನು ಮನಸಾರೆ ಶಿಫಾರಸು ಮಾಡುತ್ತೇನೆ. ಎರಡು ಸಂಖ್ಯೆಗಳ ನಡುವೆ ಅಂತರವಿದೆ ಎಂದಷ್ಟೇ ಅದು ಹೇಳುತ್ತದೆ, ಅಂತರಕ್ಕೆ ಯಾರು ಕಾರಣ ಎಂಬುದರ ಬಗ್ಗೆ ಏನನ್ನೂ ಹೇಳುವುದಿಲ್ಲ. ನನ್ನ ಪತ್ರದಲ್ಲಿ ಇರಬೇಕಾಗಿದ್ದದ್ದು ಅದೊಂದೇ ಪದ.

ಮೃದುವಾದ ವಿಶೇಷಣವೊಂದನ್ನು ಹುಡುಕಿಕೊಡಿ ಎಂದು ನೀವು ಕೇಳುತ್ತಿದ್ದೀರಿ. ನಿಮ್ಮ ಪತ್ರಕ್ಕೆ ವಿಶೇಷಣವೇ ಬೇಡ ಎಂಬುದು ನನ್ನ ಉತ್ತರ. ಬಿಲ್ಲಿನ ಸಂಖ್ಯೆ ಬರೆಯಿರಿ, ಯಾವ ಸಾಲಿನ ಮೊತ್ತ ಯಾವ ದಾಖಲೆಯೊಂದಿಗೆ ಹೊಂದುತ್ತಿಲ್ಲ ಎಂದು ಬರೆಯಿರಿ, ನಂತರ ‘ಕುಡ್ ಯು ಪ್ಲೀಸ್ ಹೆಲ್ಪ್ ಮಿ ಅಂಡರ್‌ಸ್ಟ್ಯಾಂಡ್ ದಿ ಡಿಫರೆನ್ಸ್’ ಎಂದು ಕೇಳಿ ನಿಲ್ಲಿಸಿ. ಮೇಲಧಿಕಾರಿಗಳಿಗೆ ಈ ಹಂತದಲ್ಲಿ ಪ್ರತಿ ಹಾಕಬೇಡಿ. ಬಂದ ವಿವರಣೆ ಲೆಕ್ಕಕ್ಕೆ ಕೂಡಿಬಾರದಿದ್ದರೆ, ಕೇಳಿದ ದಾಖಲೆಗಳನ್ನು ಕೊಡಲು ಅವರು ಹಿಂದೆಮುಂದೆ ನೋಡಿದರೆ, ಆಗ ನಿಮ್ಮ ಮೇಲಧಿಕಾರಿಯ ಬಳಿ ಹೋಗಿ ಕಾಗದಗಳನ್ನು ಮುಂದಿಟ್ಟು ಮಾತಾಡಿ. ಆ ಮಾತುಕತೆಯಲ್ಲಿ ‘ಫಿಶಿ’ ಎಂಬ ಪದ ಬಂದರೆ ಅದಕ್ಕೆ ನನ್ನ ಆಕ್ಷೇಪವಿಲ್ಲ.