ಕತೆ, ಹಾಡುಗಳಿಂದ ಓದು-ಬರಹ ಕಲಿಸಬಹುದೇ?

ಸಕಲೇಶಪುರದ ಕಡೆ ಮೂರನೇ ತರಗತಿಯ ಮಕ್ಕಳಿಗೆ ಕಾಗುಣಿತ ಬಾಯಿಪಾಠ ಬರುತ್ತದೆ, ಪುಸ್ತಕ ಕೊಟ್ಟರೆ ತಡವರಿಸುತ್ತಾರೆ, ಕತೆಗಳಿಂದ ಕಲಿಸಬಹುದೇ ಎಂದು ಕೇಳಿದ್ದೀರಿ.

ಖಂಡಿತ ಕಲಿಸಬಹುದು, ಆದರೆ ಕಾಗುಣಿತವನ್ನು ಕೈಬಿಟ್ಟಲ್ಲ. ವರ್ಣಮಾಲೆಯಲ್ಲಿ 49 ಅಕ್ಷರಗಳಿದ್ದರೂ ಗುಣಿತ, ಒತ್ತಕ್ಷರ ಸೇರಿದರೆ ಮಗು ಗುರುತಿಸಬೇಕಾದ ರೂಪಗಳು ನೂರಾರು. ಅವು ಪಟ್ಟಿ ಒಪ್ಪಿಸಿದರೆ ಕಣ್ಣಿಗೆ ಪಳಗುವುದಿಲ್ಲ. ಅರ್ಥವಿರುವ ಸಾಲಿನಲ್ಲಿ ಮತ್ತೆ ಮತ್ತೆ ಎದುರಾಗಬೇಕು. ಹಾಗಾಗಿ ಒಂದೇ ಸಾಲು ಮರಳಿ ಮರಳಿ ಬರುವ ಜನಪದ ಕತೆ, ಹಾಡುಗಳಿಂದಲೇ ಶುರು ಮಾಡಿ. ಬೋರ್ಡಿನ ಮೇಲೆ ಬರೆದು, ಪದದ ಕೆಳಗೆ ಬೆರಳಿಟ್ಟು ಗಟ್ಟಿಯಾಗಿ ಓದಿ, ಮರಳುವ ಸಾಲನ್ನು ಮಕ್ಕಳಿಗೆ ಬಿಡಿ. ಆಮೇಲೆ ಅದೇ ಸಾಲನ್ನು ಪದಪದವಾಗಿ ಚೀಟಿಯಲ್ಲಿ ಬರೆದು ಕಲಸಿ, ಮರುಜೋಡಿಸಲು ಹೇಳಿ. ಬಾಯಿಪಾಠವೋ ಓದೋ ಎಂಬುದು ಅಲ್ಲಿ ಗೊತ್ತಾಗುತ್ತದೆ. ಅಕ್ಕ, ಹಕ್ಕಿಯಂಥ ಸಜಾತಿ ಒತ್ತುಗಳಿರುವ (ಅಕ್ಷರಕ್ಕೆ ಅದರದೇ ಒತ್ತು ಬರುವ) ಕತೆ ಮೊದಲು. ಬೇರೆ ಅಕ್ಷರದ ಒತ್ತು ಬರುವ ಸೂರ್ಯ, ಚಂದ್ರ ನಂತರ.

ಬರವಣಿಗೆಗೆ ಮಕ್ಕಳ ಮಾತೇ ಪಠ್ಯವಾಗಲಿ. ತೋಟಕ್ಕೆ ಆನೆ ಬಂದದ್ದು, ಕಾಫಿ ಕುಯ್ಲು, ಏನು ಹೇಳುತ್ತಾರೋ ಅದನ್ನು ಅವರ ಮಾತಿನಲ್ಲೇ ಬರೆದು ಓದಿಸಿ. ಮರುದಿನ ಪ್ರತಿಯೊಬ್ಬರೂ ಒಂದು ವಾಕ್ಯ ಸೇರಿಸಲಿ. ತೋಟದ ಕಾರ್ಮಿಕರ ಲೈನ್‌ಮನೆಗಳಿಂದ ಬರುವ ಕೆಲವು ಮಕ್ಕಳ ಮನೆಮಾತು ತಮಿಳೋ ತುಳುವೋ ಆಗಿರುತ್ತದೆ. ದಯವಿಟ್ಟು ಅವರನ್ನು ಹಿಂದುಳಿದವರೆಂದು ಎಣಿಸಬೇಡಿ, ಕತೆಯನ್ನು ಮೊದಲು ಬಾಯಲ್ಲಿ ಹೇಳಿ, ಚಿತ್ರ ತೋರಿಸಿ, ಆಮೇಲೆ ಅಕ್ಷರಕ್ಕೆ ಬನ್ನಿ.

ಮುಂದೆ ಹೈಸ್ಕೂಲಿನವರಿಗಾದರೆ ಪೂರ್ಣಚಂದ್ರ ತೇಜಸ್ವಿಯವರ ‘ಕರ್ವಾಲೊ’ ಕಾದಂಬರಿ ಕೊಡಿ. ಅಲ್ಲಿ ಹುಡುಕುವ ಹಾರುವ ಓತಿ ಮಲೆನಾಡಿನ ಕಾಡಿನದೇ; ಕಷ್ಟದ ಪದ ಬಂದರೂ ಕುತೂಹಲಕ್ಕೆ ಮುಂದೆ ಓದುತ್ತಾರೆ.