ವೆಂಟಿಲೇಟರ್ ತೆಗೆದಾಯಿತು, ಕೈಕಾಲಿಗೆ ಬಲ ಯಾವಾಗ? ಜಿಬಿಎಸ್ ಚೇತರಿಕೆ ಕುರಿತು ಓದುಗರ ಪ್ರಶ್ನೆಗಳು

ಪ್ರಶ್ನೆ: ನಮ್ಮ ಯಜಮಾನರಿಗೆ 44 ವರ್ಷ. ಭೇದಿಯಾಗಿ ಹತ್ತು ದಿನಕ್ಕೆ ಕಾಲು ಸೋತವು, ಮತ್ತೆರಡು ದಿನಕ್ಕೆ ಉಸಿರಾಡುವುದೇ ಕಷ್ಟವಾಯಿತು. ಜಿಬಿಎಸ್, ಅಂದರೆ ಗಿಲನ್-ಬಾರೆ ಸಿಂಡ್ರೋಮ್ ಎಂದರು. ಐದು ದಿನ ಐವಿಐಜಿ, ಅಂದರೆ ದಾನಿಗಳ ರಕ್ತದಿಂದ ತೆಗೆದ ಪ್ರತಿಕಾಯಗಳನ್ನು ರಕ್ತನಾಳಕ್ಕೆ ಹನಿಸುವ ಔಷಧಿ ಕೊಟ್ಟರು, ಒಂದು ತಿಂಗಳು ವೆಂಟಿಲೇಟರ್‌ನಲ್ಲಿದ್ದರು. ಈಗ ವಾರ್ಡಿಗೆ ತಂದಿದ್ದಾರೆ. ಭುಜ ಎತ್ತುತ್ತಾರೆ, ಪಾದಗಳು ಮಾತ್ರ ಜೋತುಬಿದ್ದಿವೆ. ಇನ್ನೊಂದು ಕೋರ್ಸ್ ಐವಿಐಜಿ ಕೊಡಿಸಿದರೆ ಬೇಗ ಗುಣವಾಗುತ್ತದೆಯೇ? ಸಾಲ ಮಾಡಿಯಾದರೂ ಕೊಡಿಸುತ್ತೇವೆ.
– ಹಾಸನ ಜಿಲ್ಲೆಯ ಓದುಗರು

ಉತ್ತರ: ದಯವಿಟ್ಟು ಅದಕ್ಕಾಗಿ ಸಾಲ ಮಾಡಬೇಡಿ. ಆ ಹಣ ಮುಂದಿನ ತಿಂಗಳುಗಳ ಫಿಸಿಯೋಥೆರಪಿಗೆ ಬೇಕಾಗುತ್ತದೆ.

ಐವಿಐಜಿ ಸತ್ತ ನರವನ್ನು ಬದುಕಿಸುವ ಔಷಧಿಯಲ್ಲ. ಸೋಂಕಿನ ವಿರುದ್ಧ ಎದ್ದ ರೋಗನಿರೋಧಕ ಶಕ್ತಿ ದಾರಿ ತಪ್ಪಿ ನಮ್ಮದೇ ನರಗಳ ಮೇಲೆ ದಾಳಿ ಮಾಡುವುದು ಜಿಬಿಎಸ್. ಆ ದಾಳಿಯನ್ನು ತಗ್ಗಿಸುವುದಷ್ಟೇ ಐವಿಐಜಿಯ ಕೆಲಸ. ಒಂದು ಕೋರ್ಸ್ ಎಂದರೆ ದೇಹತೂಕದ ಪ್ರತಿ ಕೆ.ಜಿ.ಗೆ ಒಟ್ಟು 2 ಗ್ರಾಂ, 60 ಕೆ.ಜಿ. ಇದ್ದವರಿಗೆ 120 ಗ್ರಾಂ, 5 ಗ್ರಾಂ ಬಾಟಲಿಗಳಾದರೆ 24. ಇದರ ಬದಲಿಗೆ ಪ್ಲಾಸ್ಮಾ ಎಕ್ಸ್‌ಚೇಂಜ್ (ರಕ್ತದ ದ್ರವಭಾಗವನ್ನು ತೆಗೆದು ಬದಲಿ ದ್ರವ ತುಂಬುವುದು) ಮಾಡಿದರೂ ಫಲ ಹೆಚ್ಚುಕಡಿಮೆ ಒಂದೇ. ದಾಳಿ ಸಾಮಾನ್ಯವಾಗಿ ನಾಲ್ಕು ವಾರದೊಳಗೆ ನಿಂತುಬಿಡುತ್ತದೆ. ಚೇತರಿಕೆ ಕಷ್ಟವೆಂದು ಅಂದಾಜಿಸಿದ ರೋಗಿಗಳಿಗೆ ಮೊದಲ ಕೋರ್ಸಿನ ಬೆನ್ನಿಗೇ ಎರಡನೆಯದನ್ನು ಕೊಟ್ಟು ನೋಡಿದ ನೆದರ್‌ಲ್ಯಾಂಡ್ಸ್‌ನ ಅಧ್ಯಯನವೊಂದು 2021ರಲ್ಲಿ ಪ್ರಕಟವಾಯಿತು. ಲಾಭ ಕಾಣಲಿಲ್ಲ, ರಕ್ತ ಹೆಪ್ಪುಗಟ್ಟುವ ತೊಂದರೆ ಮಾತ್ರ ಹೆಚ್ಚಾಯಿತು. ಸ್ಟೀರಾಯ್ಡ್ ಕೂಡ ಜಿಬಿಎಸ್‌ಗೆ ಉಪಯೋಗವಿಲ್ಲ.

ಒಂದು ಸಂದರ್ಭ ಮಾತ್ರ ಬೇರೆ. ಸುಧಾರಿಸುತ್ತಿದ್ದವರು ಮತ್ತೆ ಇಳಿಮುಖವಾದರೆ, ನಿನ್ನೆ ಎತ್ತುತ್ತಿದ್ದ ಕೈ ಇಂದು ಏಳದಿದ್ದರೆ, ಅದೇ ದಿನ ನರರೋಗ ತಜ್ಞರಿಗೆ ತಿಳಿಸಿ. ಮೊದಲ ಎಂಟು ವಾರಗಳಲ್ಲಿ ಹೀಗಾದರೆ ಮತ್ತೊಮ್ಮೆ ಚಿಕಿತ್ಸೆ ಕೊಡುವುದುಂಟು. ಎಂಟು ವಾರ ಕಳೆದ ಮೇಲೂ ಬಲ ಕುಗ್ಗುತ್ತಿದ್ದರೆ ಸಿಐಡಿಪಿ ಎಂಬ ದೀರ್ಘಕಾಲದ ಕಾಯಿಲೆಯೇ ಎಂದು ನೋಡಬೇಕು. ಅದರಲ್ಲಿ ಸ್ಟೀರಾಯ್ಡ್ ಕೆಲಸ ಮಾಡುತ್ತದೆ.

ಇನ್ನು ಪಾದದ ವಿಷಯ. ವೈರಿನ ಮೇಲೆ ಪ್ಲಾಸ್ಟಿಕ್ ಇರುವಂತೆ ನರದ ಮೇಲೆ ಮಯಲಿನ್ ಎಂಬ ಹೊದಿಕೆ ಇರುತ್ತದೆ. ಹೊದಿಕೆಗೆ ಮಾತ್ರ ಹಾನಿಯಾಗಿದ್ದರೆ ವಾರಗಳಿಂದ ಕೆಲವು ತಿಂಗಳೊಳಗೆ ಅದು ಮತ್ತೆ ಬೆಳೆಯುತ್ತದೆ. ಒಳಗಿನ ಎಳೆಯೇ ತುಂಡಾಗಿದ್ದರೆ ಅದು ಬೆಳೆಯುವುದು ದಿನಕ್ಕೆ ಸುಮಾರು 1 ಮಿಲಿಮೀಟರ್. ಮೊಣಕಾಲಿನಿಂದ ಹಿಮ್ಮಡಿಗೆ 40 ಸೆಂಟಿಮೀಟರ್ ಎಂದುಕೊಂಡರೂ ಒಂದು ವರ್ಷ ದಾಟುತ್ತದೆ. ಬೆನ್ನಿಗೆ ಹತ್ತಿರದ ಭುಜ, ಸೊಂಟ ಮೊದಲು, ಬೆರಳು ಮತ್ತು ಪಾದ ಕೊನೆಗೆ ಚೇತರಿಸಿಕೊಳ್ಳುವುದು ಇದಕ್ಕೇ. ನಿಮ್ಮವರಿಗೆ ಆಗಿರುವುದು ಯಾವ ಬಗೆಯ ಹಾನಿ ಎಂದು ನರ್ವ್ ಕಂಡಕ್ಷನ್ ಟೆಸ್ಟ್ ವರದಿ ತೋರಿಸಿ ವೈದ್ಯರನ್ನು ಕೇಳಿ. ಎಷ್ಟು ಕಾಲ ಕಾಯಬೇಕೆಂಬ ಅಂದಾಜು ಅದರಲ್ಲಿದೆ. ಜಿಬಿಎಸ್ ಬಂದವರಲ್ಲಿ ನೂರಕ್ಕೆ ಸುಮಾರು 80 ಜನ ಆರು ತಿಂಗಳಿಗೆ ಆಸರೆಯಿಲ್ಲದೆ ನಡೆಯುತ್ತಾರೆ. ವೆಂಟಿಲೇಟರ್ ಬೇಕಾದವರಿಗೆ ಇನ್ನೂ ತಡವಾಗುತ್ತದೆ, ಆದರೆ ಸುಧಾರಣೆ ಒಂದು ವರ್ಷದ ನಂತರವೂ ಮುಂದುವರಿಯುತ್ತದೆ.

ಪ್ರಶ್ನೆ: ಜಿಬಿಎಸ್‌ನಿಂದ ಎದ್ದ ಅಣ್ಣ ಈಗ ಮನೆಯಲ್ಲಿದ್ದಾನೆ. ಫಿಸಿಯೋಥೆರಪಿಸ್ಟ್ ದಿನಕ್ಕೆ ಅರ್ಧ ಗಂಟೆ ಬಂದು ಹೋಗುತ್ತಾರೆ. ಕಾಲಿಗೆ ಮರಳಿನ ಚೀಲ ಕಟ್ಟಿ ಎರಡು ಗಂಟೆ ಮಾಡಿಸಿದರೆ ಬೇಗ ನಡೆಯುತ್ತಾನೆ ಎಂದು ನೆಂಟರು ಹೇಳುತ್ತಾರೆ. ದಿನಾ ಎಣ್ಣೆ ಹಚ್ಚಿ ತಿಕ್ಕಿಸಬಹುದೇ?
– ದಾವಣಗೆರೆಯ ಓದುಗರು

ಉತ್ತರ: ಮರಳಿನ ಚೀಲ ಈಗ ಬೇಡ. ಮಾಂಸಖಂಡದ ಬಲವನ್ನು 0ಯಿಂದ 5ರವರೆಗೆ ಅಳೆಯುತ್ತಾರೆ. ಏನೂ ಮಿಡುಕದಿದ್ದರೆ 0, ಸ್ವಲ್ಪ ಮಿಡುಕಿದರೆ 1, ಹಾಸಿಗೆಯ ಮೇಲೆ ಜಾರಿಸಲು ಆದರೆ 2, ಮೇಲಕ್ಕೆ ಎತ್ತಲು ಆದರೆ 3, ನಾವು ಒತ್ತಿಹಿಡಿದರೂ ಎತ್ತಿದರೆ 4, ಪೂರ್ತಿ ಬಲವಿದ್ದರೆ 5. ಪ್ರತಿ ಮಾಂಸಖಂಡದ ಅಂಕ ಎಷ್ಟೆಂದು ಫಿಸಿಯೋಥೆರಪಿಸ್ಟ್ ಬಳಿ ಕೇಳಿ ಬರೆದಿಡಿ, ಎರಡು ವಾರಕ್ಕೊಮ್ಮೆ ಹೋಲಿಸಿ. 3 ದಾಟದ ಮಾಂಸಖಂಡಕ್ಕೆ ಭಾರ ಕಟ್ಟುವಂತಿಲ್ಲ. ಆಗ ತಾನೇ ಬೆಳೆದುಬಂದ ಕೆಲವೇ ನರದ ಎಳೆಗಳು ಇಡೀ ಮಾಂಸಖಂಡದ ಹೊರೆ ಹೊತ್ತಿರುತ್ತವೆ. ಅವನ್ನು ದಣಿಸಿದರೆ ಬಂದ ಬಲವೂ ಕೆಲವು ದಿನ ಹಿಂದಕ್ಕೆ ಹೋಗಬಹುದು.

2ರಲ್ಲಿರುವ ಕಾಲಿಗೆ ಸುಲಭದ ಉಪಾಯವಿದೆ. ಅಣ್ಣನನ್ನು ಒಂದು ಮಗ್ಗುಲಿಗೆ ಮಲಗಿಸಿ, ಕಾಲಿನ ಕೆಳಗೆ ನುಣುಪಾದ ಹಲಗೆಯಿಟ್ಟು ಟಾಲ್ಕಂ ಪೌಡರ್ ಉದುರಿಸಿ, ಮೊಣಕಾಲು ಮಡಿಸಿ ಚಾಚಲು ಹೇಳಿ. ಎತ್ತುವ ಭಾರವಿಲ್ಲದೆ ಕಾಲು ಜಾರುತ್ತದೆ. ಒಮ್ಮೆಗೆ ಎಂಟು-ಹತ್ತು ಸಲ ಸಾಕು. ಎರಡು ಗಂಟೆ ಒಂದೇ ಸಮನೆ ಮಾಡಿಸುವ ಬದಲು 10–15 ನಿಮಿಷದಂತೆ ದಿನಕ್ಕೆ ನಾಲ್ಕು ಸಲ, ನಡುವೆ ಪೂರ್ತಿ ವಿಶ್ರಾಂತಿ. ಮರುದಿನ ಬೆಳಿಗ್ಗೆ ನೋವು, ಸುಸ್ತು ಉಳಿದಿದ್ದರೆ ಹಿಂದಿನ ದಿನದ್ದು ಹೆಚ್ಚಾಯಿತು ಎಂದರ್ಥ, ಮುಕ್ಕಾಲಿಗೆ ಇಳಿಸಿ. ಈ ಸುಸ್ತನ್ನು ಸೋಮಾರಿತನ ಎಂದು ಯಾರೂ ಬೈಯಬಾರದು. ನಡೆಯಲು ಶುರುಮಾಡಿದ ಬಹುಪಾಲು ಜನರನ್ನೂ ಅದು ತಿಂಗಳುಗಟ್ಟಲೆ ಕಾಡುತ್ತದೆ.

ಬಲ ಬರುವವರೆಗೆ ಕೀಲು ಬಿಗಿಯಾಗದಂತೆ ಕಾಯುವುದು ಮನೆಯವರ ಕೈಯಲ್ಲಿದೆ, ನನ್ನ ದೃಷ್ಟಿಯಲ್ಲಿ ಇದೇ ಎಲ್ಲಕ್ಕಿಂತ ದೊಡ್ಡ ಕೆಲಸ. ನರ ಬೆಳೆದುಬರುವ ಹೊತ್ತಿಗೆ ಹಿಮ್ಮಡಿಯ ಸ್ನಾಯುರಜ್ಜು ಗಿಡ್ಡವಾಗಿದ್ದರೆ ಬಲವಿದ್ದೂ ನಿಲ್ಲಲಾಗುವುದಿಲ್ಲ. ಬೆಳಿಗ್ಗೆ-ಸಂಜೆ ಪ್ರತಿ ಕೀಲನ್ನೂ ನಿಧಾನವಾಗಿ ಹತ್ತು ಸಲ ಪೂರ್ತಿ ಮಡಿಸಿ ಚಾಚಿ. ಹಿಮ್ಮಡಿಯನ್ನು ಅಂಗೈಯಲ್ಲಿ ಹಿಡಿದು, ಪಾದವನ್ನು ನಿಮ್ಮ ಮುಂಗೈಯಿಂದ ಮೊಣಕಾಲ ಕಡೆಗೆ ಒತ್ತಿ 30 ಸೆಕೆಂಡ್ ಹಾಗೇ ಹಿಡಿಯಿರಿ, ಮೂರು-ನಾಲ್ಕು ಸಲ. ರಾತ್ರಿ ಪಾದ 90 ಡಿಗ್ರಿಯಲ್ಲಿ ನಿಲ್ಲುವಂತೆ ಸ್ಪ್ಲಿಂಟ್ ಹಾಕಿ. ಅದನ್ನು ತೆಗೆದು 20–30 ನಿಮಿಷವಾದರೂ ಚರ್ಮದ ಕೆಂಪು ಹೋಗದಿದ್ದರೆ ಅಳತೆ ಸರಿಯಿಲ್ಲ, ಬದಲಾಯಿಸಿ. ಅಣ್ಣನನ್ನು ಎಬ್ಬಿಸುವಾಗ ಕೈ ಹಿಡಿದು ಎಳೆಯಬೇಡಿ, ಬಲವಿಲ್ಲದ ಭುಜ ಕೀಲಿನಿಂದ ಜಾರುತ್ತದೆ. ಬೆನ್ನಿನ ಹಿಂದೆ ತೋಳು ಹಾಕಿ ಎತ್ತಿ. ಮಲಗಿದಾಗ ಕಾಲು ಹೊರಕ್ಕೆ ವಾಲಿದರೆ ಮೊಣಕಾಲಿನ ಹೊರಬದಿಯ ನರ ಮೂಳೆಗೂ ಹಾಸಿಗೆಗೂ ನಡುವೆ ಸಿಕ್ಕಿ ಜಜ್ಜುತ್ತದೆ. ತೊಡೆಯ ಪಕ್ಕ ಸುತ್ತಿದ ಟವೆಲ್ ಇಡಿ. ಚಕ್ಕಳಮಕ್ಕಳ ಹಾಕಿ, ಕುಕ್ಕರಗಾಲಿನಲ್ಲಿ ಬಹಳ ಹೊತ್ತು ಕೂರುವುದೂ ಅದೇ ನರಕ್ಕೆ ಕೆಟ್ಟದ್ದು, ಸದ್ಯಕ್ಕೆ ಕಮೋಡ್ ಕುರ್ಚಿ ಬಳಸಿ. ನಡೆಯಲು ಶುರುಮಾಡಿದಾಗ ಹವಾಯಿ ಚಪ್ಪಲಿ ಬೇಡ. ಪಾದ ಏಳದವರಿಗೆ ಅದು ಸಿಕ್ಕಿಕೊಂಡು ಬೀಳಿಸುತ್ತದೆ. ಹಿಂದೆ ಪಟ್ಟಿಯಿರುವ ಚಪ್ಪಲಿ ಅಥವಾ ಬೂಟು ಇರಲಿ.

ಮಲಗಿದವರನ್ನು ಒಮ್ಮೆಲೇ ಕೂರಿಸಬೇಡಿ. ಈ ಕಾಯಿಲೆಯಲ್ಲಿ ರಕ್ತದೊತ್ತಡ ಹಿಡಿದಿಡುವ ನರಗಳಿಗೂ ಪೆಟ್ಟು ಬಿದ್ದಿರಬಹುದು. ತಲೆಭಾಗವನ್ನು 30 ಡಿಗ್ರಿ ಏರಿಸಿ ಐದು ನಿಮಿಷ, 60 ಡಿಗ್ರಿಗೆ ಏರಿಸಿ ಮತ್ತೆ ಐದು ನಿಮಿಷ, ಆಮೇಲೆ ಕಾಲು ಇಳಿಬಿಡಿ. ಕಣ್ಣು ಕತ್ತಲೆ ಬಂದರೆ ಅಥವಾ ಮೇಲಿನ ಬಿಪಿ 20ಕ್ಕಿಂತ ಹೆಚ್ಚು ಇಳಿದರೆ ಮತ್ತೆ ಮಲಗಿಸಿ.

ಎಣ್ಣೆ ಹಚ್ಚಿ ಮೃದುವಾಗಿ ಸವರುವುದಕ್ಕೆ ಅಡ್ಡಿಯಿಲ್ಲ, ಹಾಯೆನಿಸುತ್ತದೆ. ಅದರಿಂದ ನರ ಬೆಳೆಯುವುದಿಲ್ಲ. ಬಲವಾಗಿ ತಿಕ್ಕುವುದು, ಬಿಸಿ ಶಾಖ ಕೊಡುವುದು ಬೇಡ. ಜೋಮು ಹಿಡಿದ ಪಾದಕ್ಕೆ ಸುಟ್ಟರೂ ಗೊತ್ತಾಗದು. ಸ್ನಾನದ ನೀರಿನ ಬಿಸಿಯನ್ನೂ ನೀವೇ ಮೊಣಕೈ ಅದ್ದಿ ನೋಡಿ. ಒಂದೇ ಕಾಲಿನ ಮೀನಖಂಡ ಊದಿಕೊಂಡು ನೋಯುತ್ತಿದ್ದರೆ ಮುಟ್ಟಲೇಬೇಡಿ. ರಕ್ತ ಹೆಪ್ಪುಗಟ್ಟಿರಬಹುದು, ತಿಕ್ಕಿದರೆ ಅದು ಶ್ವಾಸಕೋಶಕ್ಕೆ ಸಾಗಬಹುದು. ಕೂಡಲೇ ಆಸ್ಪತ್ರೆಗೆ ಒಯ್ಯಿರಿ.

ಮನೆಯಲ್ಲಿ ಇಷ್ಟೆಲ್ಲ ಸಾಧ್ಯವಾಗದಿದ್ದರೆ ಕೆಲವು ವಾರ ಪುನಶ್ಚೇತನ ವಿಭಾಗದಲ್ಲಿ ದಾಖಲಾಗುವುದು ಒಳ್ಳೆಯದು. ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ ನರರೋಗಿಗಳಿಗೆಂದೇ ಇಂಥ ವಿಭಾಗವಿದೆ.

ಪ್ರಶ್ನೆ: ಅಪ್ಪನ ಗಂಟಲಿನಲ್ಲಿ ರಂಧ್ರ ಮಾಡಿ ಉಸಿರಾಟಕ್ಕೆ ಹಾಕಿದ ಟ್ರೇಕಿಯಾಸ್ಟಮಿ ಟ್ಯೂಬ್ ಇಟ್ಟೇ ಡಿಸ್ಚಾರ್ಜ್ ಮಾಡುತ್ತಾರಂತೆ. ಮನೆಯಲ್ಲಿ ಹೇಗೆ ನೋಡಿಕೊಳ್ಳುವುದು? ಬಾಯಿಂದ ಊಟ ಯಾವಾಗ?
– ಶಿವಮೊಗ್ಗದ ಓದುಗರು

ಉತ್ತರ: ನೀವು ಕಫ ತೆಗೆಯುವುದನ್ನು ನರ್ಸ್ ಎದುರಿನಲ್ಲೇ ಹಲವು ಸಲ ಸರಿಯಾಗಿ ಮಾಡಿ ತೋರಿಸುವವರೆಗೆ ಡಿಸ್ಚಾರ್ಜ್ ಒಪ್ಪಬೇಡಿ. ಸಕ್ಷನ್ ಮೆಷಿನ್, ವಿದ್ಯುತ್ ಹೋದರೆ ನಡೆಯುವ ಬ್ಯಾಟರಿ ಅಥವಾ ಕಾಲಿನಲ್ಲಿ ಒತ್ತುವ ಸಕ್ಷನ್, ಈಗಿರುವ ಅಳತೆಯ ಒಂದು ಮತ್ತು ಅದಕ್ಕಿಂತ ಒಂದಳತೆ ಚಿಕ್ಕದಾದ ಇನ್ನೊಂದು ಟ್ಯೂಬ್ ಸದಾ ಹಾಸಿಗೆ ಬಳಿ ಇರಬೇಕು. ಸಕ್ಷನ್ ಕ್ಯಾಥೆಟರ್‌ನ ದಪ್ಪ ಟ್ಯೂಬಿನ ಒಳಗಿನ ವ್ಯಾಸದ ಅರ್ಧ ಮೀರಬಾರದು, ಮೀರಿದರೆ ಕಫದ ಜತೆ ಉಸಿರೂ ಎಳೆದುಹೋಗುತ್ತದೆ. ಒಳಗೆ ಬಿಡುವಾಗ ಎಳೆತ ಬೇಡ, ಹೊರಗೆ ತೆಗೆಯುವಾಗ ಮಾತ್ರ. ಒಟ್ಟು 10–15 ಸೆಕೆಂಡ್ ಸಾಕು. ಕಫ ಗಟ್ಟಿಯಾಗಿ ಟ್ಯೂಬ್ ಕಟ್ಟಿಕೊಳ್ಳುವುದೇ ಮನೆಯಲ್ಲಿ ಆಗುವ ದೊಡ್ಡ ಅಪಾಯ. ಮೂಗು ಮಾಡುವ ತೇವಗೊಳಿಸುವ ಕೆಲಸ ಇಲ್ಲಿ ತಪ್ಪಿಹೋಗಿರುತ್ತದೆ, ಆದ್ದರಿಂದ ತೇವಾಂಶ ಹಿಡಿಯುವ ಫಿಲ್ಟರ್ ಹಾಕಿಸಿ. ಒಳಗೊಳವೆ ಇರುವ ಟ್ಯೂಬ್ ಆದರೆ ಅದನ್ನು ದಿನಕ್ಕೆ ಎರಡು-ಮೂರು ಸಲ ತೆಗೆದು ತೊಳೆಯಿರಿ. ಟ್ಯೂಬಿನಿಂದ ಕೆಂಪು ರಕ್ತ ಬಂದರೆ, ಎಷ್ಟೇ ಸ್ವಲ್ಪವಾದರೂ, ಆಸ್ಪತ್ರೆಗೆ ಹೊರಡಿ.

ಕೆಮ್ಮಿಗೆ ಬಲ ಬಂದು, ಎಂಜಲು ನುಂಗಲು ಆಗಿ, ಟ್ಯೂಬಿನ ಬಾಯಿ ಮುಚ್ಚಿದರೂ 24ರಿಂದ 48 ಗಂಟೆ ಆರಾಮವಾಗಿ ಉಸಿರಾಡಿದರೆ ಅದನ್ನು ತೆಗೆಯುತ್ತಾರೆ. ಟ್ಯೂಬಿನ ಸುತ್ತಲಿನ ಗಾಳಿ ತುಂಬುವ ಚಿಕ್ಕ ಬಲೂನು (ಕಫ್) ಊದಿರುವಾಗ ಬಾಯಿ ಮುಚ್ಚುವ ಪ್ರಯತ್ನವನ್ನು ಮನೆಯಲ್ಲಿ ಯಾರೂ ಮಾಡಕೂಡದು, ಉಸಿರು ಪೂರ್ತಿ ನಿಂತುಬಿಡುತ್ತದೆ.

ಊಟಕ್ಕೆ ಮೊದಲು ಸ್ಪೀಚ್ ಥೆರಪಿಸ್ಟ್ ನುಂಗುವ ಪರೀಕ್ಷೆ ಮಾಡಲಿ. ‘ಒಂದು ಗುಟುಕು ನೀರು ತಾನೇ’ ಎಂದು ಕೊಡುವುದೇ ತಪ್ಪು. ತೆಳ್ಳಗಿನದು ವೇಗವಾಗಿ ಹರಿದು ಶ್ವಾಸನಾಳಕ್ಕೆ ಇಳಿಯುತ್ತದೆ. ನೀರು, ಕಾಫಿ, ತಿಳಿಸಾರು ಕೊನೆಗೆ. ಗಟ್ಟಿ ರಾಗಿ ಗಂಜಿ, ಚೆನ್ನಾಗಿ ಕಿವುಚಿದ ಬಾಳೆಹಣ್ಣು ಮೊದಲಿಗೆ. ಉದುರುವ ಅವಲಕ್ಕಿ, ಮಂಡಕ್ಕಿ ಬೇಡ. ಸಾರು ಬೇರೆ, ಅನ್ನ ಬೇರೆಯಾಗಿ ನಿಲ್ಲುವ ಊಟವೂ ಬೇಡ. ನೆಟ್ಟಗೆ ಕೂರಿಸಿ ತಿನ್ನಿಸಿ, ಆಮೇಲೆ ಅರ್ಧ ಗಂಟೆ ಮಲಗಿಸಬೇಡಿ.

ಪ್ರಶ್ನೆ: ಐಸಿಯುನಿಂದ ಬಂದ ಮಗಳು ರಾತ್ರಿ ಬೆಚ್ಚಿ ಏಳುತ್ತಾಳೆ. ಗೋಡೆಯ ಮೇಲೆ ಜನ ನಡೆಯುತ್ತಿದ್ದರು ಎನ್ನುತ್ತಾಳೆ. ತಲೆಗೆ ಏನಾದರೂ ಆಗಿದೆಯೇ?
– ಮಂಗಳೂರಿನ ಓದುಗರು

ಉತ್ತರ: ಐಸಿಯುನಲ್ಲಿ ದೀರ್ಘಕಾಲ ಇದ್ದ ಬಹಳ ಜನರಿಗೆ ಹೀಗಾಗುತ್ತದೆ, ಹುಚ್ಚಲ್ಲ. ಜಿಬಿಎಸ್‌ನಲ್ಲಂತೂ ಮನಸ್ಸು ಎಚ್ಚರವಾಗಿರುತ್ತದೆ, ಬೆರಳು ಕೂಡ ಅಲುಗುವುದಿಲ್ಲ, ಟ್ಯೂಬಿನಿಂದಾಗಿ ದನಿಯೂ ಇರುವುದಿಲ್ಲ. ನಿದ್ದೆ ತಪ್ಪಿದ್ದು, ನಿದ್ದೆ ಬರಿಸುವ ಔಷಧಿಗಳು ಸೇರಿ ಕಂಡದ್ದು ನಿಜವೋ ಕನಸೋ ತಿಳಿಯದಾಗುತ್ತದೆ. ಅವಳ ಮಾತನ್ನು ತಳ್ಳಿಹಾಕದೆ ಕೇಳಿ. ಯಾವ ದಿನ ಏನು ನಡೆಯಿತು, ಯಾವ ಟ್ಯೂಬ್ ಯಾಕೆ ಹಾಕಿದ್ದರು ಎಂದು ದಿನಾಂಕದೊಂದಿಗೆ ಬರೆದು ಅವಳ ಜತೆ ಓದಿ. ನಡುವಿನ ಖಾಲಿ ತುಂಬಿದರೆ ಭಯ ಕಡಿಮೆಯಾಗುವುದುಂಟು. ರಾತ್ರಿ ಕಾಲು ಉರಿ, ಸಿಡಿತದಿಂದ ಎಚ್ಚರವಾಗುತ್ತಿದೆಯೇ ಎಂದೂ ಕೇಳಿ. ನರದ ನೋವಿಗೆ ಗ್ಯಾಬಪೆಂಟಿನ್‌ನಂಥ ಬೇರೆಯೇ ಮಾತ್ರೆಗಳಿವೆ, ವೈದ್ಯರು ಬರೆದುಕೊಡಬೇಕು. ಎಂದಿನ ನೋವಿನ ಗುಳಿಗೆಗೆ ಅದು ಬಗ್ಗುವುದಿಲ್ಲ. ಒಂದು ತಿಂಗಳಾದರೂ ಭಯ ಇಳಿಯದಿದ್ದರೆ, ಬದುಕು ಬೇಡ ಎಂಬ ಮಾತು ಬಂದರಂತೂ ಅದೇ ದಿನ, ಮನೋವೈದ್ಯರನ್ನು ಕಾಣಿ. ಟೆಲಿ-ಮಾನಸ್ ಸಹಾಯವಾಣಿ 14416ಕ್ಕೆ ಹಗಲು ರಾತ್ರಿ ಯಾವಾಗ ಬೇಕಾದರೂ ಕರೆ ಮಾಡಿ ಕನ್ನಡದಲ್ಲೇ ಮಾತಾಡಬಹುದು.

ಪ್ರಶ್ನೆ: ಒಮ್ಮೆ ಬಂದ ಜಿಬಿಎಸ್ ಮತ್ತೆ ಬರುತ್ತದೆಯೇ?
– ಕಲಬುರಗಿಯ ಓದುಗರು

ಉತ್ತರ: ನೂರರಲ್ಲಿ ಎರಡರಿಂದ ಐದು ಜನರಿಗೆ ಬರಬಹುದು, ಉಳಿದವರಿಗೆ ಇಲ್ಲ. 2025ರ ಜನವರಿಯಲ್ಲಿ ಪುಣೆಯಲ್ಲಿ ಒಟ್ಟೊಟ್ಟಿಗೆ ಹಲವರಿಗೆ ಬಂದಾಗ ಕಲುಷಿತ ನೀರು ಮತ್ತು ಕ್ಯಾಂಪೈಲೋಬ್ಯಾಕ್ಟರ್ ಎಂಬ ಬ್ಯಾಕ್ಟೀರಿಯಾ ಕಾರಣವೆಂದು ಕಂಡುಬಂತು. ನೀರು ಕುದಿಸಿ ಕುಡಿಯಿರಿ, ಕೋಳಿಮಾಂಸ ಒಳಗೆ ಗುಲಾಬಿ ಬಣ್ಣ ಉಳಿಯದಂತೆ ಬೇಯಿಸಿ, ಹಸಿ ಕೋಳಿ ಕತ್ತರಿಸಿದ ಮಣೆಯಲ್ಲಿ ತರಕಾರಿ ಹೆಚ್ಚಬೇಡಿ. ಲಸಿಕೆ ಹಾಕಿಸಿದ ಆರು ವಾರದೊಳಗೆ ಜಿಬಿಎಸ್ ಬಂದಿದ್ದರೆ ಆ ಲಸಿಕೆಯ ಬಗ್ಗೆ ಮುಂದೆ ವೈದ್ಯರನ್ನು ಕೇಳಿಯೇ ನಿರ್ಧರಿಸಿ. ಬೇರೆ ಲಸಿಕೆಗಳನ್ನು ಹೆದರಿ ಬಿಡಬೇಕಿಲ್ಲ. ಮುಂದೆ ಯಾವುದೇ ಆಪರೇಷನ್ ಆದರೂ ಅರಿವಳಿಕೆ ತಜ್ಞರಿಗೆ ಈ ಕಾಯಿಲೆಯಾಗಿತ್ತೆಂದು ಹೇಳಿ. ಸಕ್ಸಿನೈಲ್‌ಕೋಲಿನ್ ಎಂಬ ಔಷಧಿ ಇಂಥವರ ರಕ್ತದಲ್ಲಿ ಪೊಟ್ಯಾಸಿಯಂ ಒಮ್ಮೆಲೇ ಏರಿಸಿ ಹೃದಯ ನಿಲ್ಲಿಸಬಲ್ಲದು. ಡಿಸ್ಚಾರ್ಜ್ ಸಾರಾಂಶದ ಮೊದಲ ಪುಟದ ಮೇಲೆ ಈ ಔಷಧಿ ಬೇಡವೆಂದು ಕೆಂಪು ಶಾಯಿಯಲ್ಲಿ ಬರೆಸಿಕೊಳ್ಳಿ, ಅದರ ಫೋಟೊ ಮನೆಯವರೆಲ್ಲರ ಮೊಬೈಲ್‌ನಲ್ಲಿರಲಿ.