ಬಂಗಾಳದ ‘ಜನಸಂಸ್ಕೃತಿ’ ತಂಡದ ನಾಟಕ ನಮ್ಮ ಬೀದಿನಾಟಕಕ್ಕಿಂತ ಹೇಗೆ ಬೇರೆ? ಅದರಿಂದ ವರದಕ್ಷಿಣೆ ನಿಲ್ಲುತ್ತದೆಯೇ?

ಒಂದು ಸಲ ಆಡಿ ಬಂದರೆ ಯಾವ ನಾಟಕದಿಂದಲೂ ವರದಕ್ಷಿಣೆ ನಿಲ್ಲುವುದಿಲ್ಲ. ಜನಸಂಸ್ಕೃತಿಯವರು ಹಾಗೆ ಆಡಿ ಹೊರಟುಹೋಗುವವರಲ್ಲ. ಕಾಲೇಜು ದಿನಗಳಿಂದ ಬೀದಿನಾಟಕ ಮಾಡಿಕೊಂಡು ಬಂದವಳಾಗಿ ನನಗೆ ಅವರ ಮೇಲೆ ಗೌರವ ಹುಟ್ಟಿದ್ದೇ ಇದಕ್ಕಾಗಿ.

1985ರಲ್ಲಿ ಸಂಜಯ್ ಗಂಗೂಲಿ ಮತ್ತು ಗೆಳೆಯರು ಸುಂದರಬನದ ಕಡೆಯ ಹಳ್ಳಿಗಳಲ್ಲಿ ಈ ತಂಡ ಕಟ್ಟಿದರು. ಎಡಪಂಥೀಯ ರಾಜಕೀಯದಲ್ಲಿದ್ದ ಗಂಗೂಲಿ, ಮೇಲಿನವರು ಹೇಳಿದ್ದನ್ನು ಕೆಳಗಿನವರು ಕೇಳಬೇಕೆಂಬ ಪದ್ಧತಿಗೆ ಬೇಸತ್ತು ಹೊರಬಂದವರು. ಕೂಲಿನಾಲಿ ಮಾಡುವ ಹಳ್ಳಿಯವರೇ ಇವರ ನಟನಟಿಯರು. ಆದರೂ ಮೊದಮೊದಲು ಇವರ ನಾಟಕವೂ ಸಂದೇಶ ಹೇಳಿ ಮುಗಿಯುತ್ತಿತ್ತು. ತೊಂಬತ್ತರ ದಶಕದ ಆರಂಭದಲ್ಲಿ ಬ್ರೆಜಿಲ್‌ನ ರಂಗಕರ್ಮಿ ಆಗಸ್ಟೋ ಬೋಆಲ್ ರೂಪಿಸಿದ, ನೋಡುವವರೂ ನಾಟಕದೊಳಗೆ ಬರುವ ‘ಶೋಷಿತರ ರಂಗಭೂಮಿ’ಯ ಪರಿಚಯವಾದ ಮೇಲೆ ಅದು ಬದಲಾಯಿತು.

ನಮ್ಮ ಕರ್ನಾಟಕದಲ್ಲಿ 1975ರಲ್ಲಿ ಶುರುವಾದ ‘ಸಮುದಾಯ’ ರಂಗತಂಡವನ್ನು ನೆನೆಸಿಕೊಳ್ಳಿ. ಬಿಹಾರದ ದಲಿತರ ಹತ್ಯೆಯನ್ನು ‘ಬೆಲ್ಚಿ’ ನಾಟಕವಾಗಿ ಬೀದಿಗೆ ತಂದಾಗ ನೋಡುವವರ ರಕ್ತ ಕುದಿಯುತ್ತಿತ್ತು. ಆ ಸಿಟ್ಟು ಬೇಕೇ ಬೇಕಿತ್ತು, ಅದನ್ನು ನಾನು ಕಡಿಮೆ ಎನ್ನಲಾರೆ. ಆದರೆ ಅಲ್ಲಿ ಯೋಚನೆಯ ಕೆಲಸವನ್ನು ತಂಡದವರೇ ಮುಗಿಸಿಕೊಂಡು ಬಂದಿರುತ್ತಾರೆ.

ಜನಸಂಸ್ಕೃತಿಯ ‘ಸೋನಾರ್ ಮೇಯೆ’ (ಚಿನ್ನದಂಥ ಹುಡುಗಿ) ನಾಟಕದಲ್ಲಿ ಹುಡುಗಿಯೊಬ್ಬಳ ತವರು, ಮದುವೆಯ ಮಾತುಕತೆ, ಅತ್ತೆಮನೆ ಎಲ್ಲ ಬರುತ್ತವೆ. ಇಂಥ ನಾಟಕ ಅನ್ಯಾಯ ಬಗೆಹರಿಯುವ ಮೊದಲೇ ನಿಂತುಬಿಡುತ್ತದೆ. ಆಮೇಲೆ ಅದನ್ನೇ ಇನ್ನೊಮ್ಮೆ ಆಡುತ್ತಾರೆ. ಈ ಸಲ ನೋಡುತ್ತಿದ್ದ ಯಾರಾದರೂ ‘ನಿಲ್ಲಿಸಿ’ ಎಂದು ಎದ್ದು ಬಂದು ಆ ಹುಡುಗಿಯ ಜಾಗದಲ್ಲಿ ತಾವೇ ನಿಂತು ಬೇರೆ ದಾರಿ ಹಿಡಿಯಬಹುದು. ಅತ್ತೆ, ಗಂಡ, ಅಪ್ಪನ ಪಾತ್ರದವರು ಸುಲಭಕ್ಕೆ ಸೋಲುವುದಿಲ್ಲ, ಮನೆಯಲ್ಲಿ ಎದುರಾಗುವಂತೆಯೇ ಎದುರಾಗುತ್ತಾರೆ. ಜೋಕರ್ ಎಂಬ ಸೂತ್ರಧಾರ ನೆರೆದವರನ್ನು ಕೇಳುತ್ತಾನೆ: ಇದು ನಡೆಯುವ ಮಾತೇ? ನಿಮ್ಮ ಮನೆಯಲ್ಲಾದರೆ? ಪವಾಡದಂಥ ಪರಿಹಾರ ಬಂದರೆ ಜನರೇ ಒಪ್ಪುವುದಿಲ್ಲ. ನಾಲ್ಕು ಜನರ ಮುಂದೆ ಎಂದೂ ಬಾಯಿ ತೆರೆಯದ ಹೆಂಗಸು ಅಲ್ಲಿ ಮಾವನ ಪಾತ್ರದ ಜೊತೆ ವಾದಕ್ಕೆ ನಿಂತರೆ, ಅವಳ ಮಾತನ್ನು ಗಂಡಸರೂ ಕೂತು ಕೇಳಬೇಕಾಗುತ್ತದೆ.

ಇದರ ಮೇಲೆ ಒಂದು ಆಕ್ಷೇಪವಿದೆ, ಅದು ನ್ಯಾಯವಾದದ್ದೇ. ಹೊಡೆತ ತಿನ್ನುವವಳೇ ದಾರಿಯನ್ನೂ ಹುಡುಕಬೇಕೇ? ರಂಗದ ಮೇಲೆ ಧೈರ್ಯ ತೋರಿದವಳಿಗೆ ರಾತ್ರಿ ಮನೆಯಲ್ಲಿ ಏಟು ಬಿದ್ದರೆ ಯಾರು ಹೊಣೆ? ಹೊರಗಿನಿಂದ ಬಂದು ಹೋಗುವ ತಂಡವಾದರೆ ಈ ಅಪಾಯ ದೊಡ್ಡದು. ಜನಸಂಸ್ಕೃತಿಯ ಕಲಾವಿದರು ಅದೇ ಸೀಮೆಯವರು, ಒಂದೇ ಊರಿಗೆ ಮತ್ತೆ ಮತ್ತೆ ಹೋಗುವವರು. ನಾಟಕದ ಜೊತೆಗೆ ಊರವರನ್ನು ಸಂಘಟಿಸುವ ಕೆಲಸವನ್ನೂ, ಸಾರಾಯಿ ವಿರುದ್ಧದ ಹೋರಾಟವನ್ನೂ ಮಾಡಿದವರು.

ಹಾಗಾಗಿ ನೀವೂ ಈ ಬಗೆಯ ನಾಟಕ ಮಾಡಬೇಕೆಂದಿದ್ದರೆ, ಮುಂದಿನ ತಿಂಗಳೂ ಅದೇ ಊರಿಗೆ ಹೋಗಲು ನಿಮ್ಮಿಂದಾಗುತ್ತದೆಯೇ ಎಂದು ತಂಡದೊಳಗೆ ಮೊದಲು ಮಾತಾಡಿಕೊಳ್ಳಿ. ಆಗುವುದಿಲ್ಲ ಎಂದಾದರೆ ಮಾಮೂಲಿ ಬೀದಿನಾಟಕವನ್ನೇ ಚೆನ್ನಾಗಿ ಮಾಡಿ.